ಕುದ್ರಿನವರು, ಗಡ್ಡಿಯವರು ಮತ್ತು ಒಬ್ಬ ದ್ವೀಪವಾಸಿ

ಸಾಕ್ಷ್ಯಚಿತ್ರಗಳಿಗೆ ಕನ್ನಡ ಸಬ್‌ಟೈಟಲ್ ಬರೆಯುವುದು ನನ್ನ ಕೆಲಸ. ಉದ್ದುದ್ದ ಮಾತುಗಳು ನನ್ನನ್ನು ಅಷ್ಟು ಕಾಡುವುದಿಲ್ಲ. ಒಂದೇ ಪದದ ಉತ್ತರ ಬಂದಾಗ ಕೈ ನಿಂತುಬಿಡುತ್ತದೆ. ಹೋದ ವರ್ಷ ಜಪಾನಿನ ಒಕಿನಾವಾ ಬಗ್ಗೆ ಒಂದು ಚಿತ್ರ ಬಂತು. ಅದರಲ್ಲಿ ಒಬ್ಬ ಮುದುಕ ಬಲೆಯ ಸಿಕ್ಕು ಬಿಡಿಸುತ್ತಾ ಕೂತಿದ್ದಾನೆ. ನೀವು ಜಪಾನಿನವರಾ ಅಂತ ಕ್ಯಾಮೆರಾ ಹಿಂದಿನಿಂದ ಯಾರೋ ಕೇಳುತ್ತಾರೆ. ಅವನು ತಲೆ ಎತ್ತದೆ ಹೇಳುತ್ತಾನೆ: 'ಶಿಮನ್ಚು'. ಕೆಳಗೆ ಇಂಗ್ಲಿಷಿನಲ್ಲಿ 'ಐಲ್ಯಾಂಡರ್' ಅಂತಿದೆ. ನನಗೆ ಸಿಗುವುದು ಎರಡು ಸೆಕೆಂಡ್.

'ದ್ವೀಪವಾಸಿ' ಅಂತ ಟೈಪ್ ಮಾಡಿದೆ. ಒಂದು ಸಲ ಓಡಿಸಿ ನೋಡಿದೆ. ಅಳಿಸಿದೆ.

ಅರ್ಥದಲ್ಲಿ ತಪ್ಪೇನೂ ಇರಲಿಲ್ಲ. ಆದರೆ ಆ ಮುದುಕನ ಬಾಯಿಗೆ ಅದು ಹೊಂದುತ್ತಿರಲಿಲ್ಲ. ನಾನು ಇಂಥವನು ಅಂತ ಸಲೀಸಾಗಿ ಹೇಳಿಕೊಂಡವನ ಮಾತು, ಕನ್ನಡದಲ್ಲಿ ಯಾರೋ ಅವನ ಬಗ್ಗೆ ಬರೆದ ವರದಿಯಂತೆ ಕೇಳುತ್ತಿತ್ತು.

ಇದಕ್ಕೆ ಅರ್ಧ ಕಾರಣ 'ವಾಸಿ'. ನಾವು ಯಾರ್‍ಯಾರನ್ನು ವಾಸಿ ಅಂತೀವಿ ನೋಡಿ. ವನವಾಸಿ, ಆದಿವಾಸಿ, ಗಿರಿವಾಸಿ, ಗುಡಿಸಲುವಾಸಿ. ಇಲ್ಲವೇ ದೇವರು: ಕೈಲಾಸವಾಸಿ, ವೈಕುಂಠವಾಸಿ. ಇವೆರಡನ್ನು ಮನುಷ್ಯರಿಗೆ ಹಾಕಿದರೆ ಅವರು ತೀರಿಕೊಂಡಿದ್ದಾರೆ ಅಂತ ಅರ್ಥ! ಬೆಂಗಳೂರಲ್ಲಿ ಹುಟ್ಟಿ ಬೆಳೆದವರು 'ನಾನು ಬೆಂಗಳೂರಿನವನು' ಅಂತಾರೆಯೇ ಹೊರತು 'ಬೆಂಗಳೂರುವಾಸಿ' ಅಂತ ಹೇಳಿಕೊಂಡದ್ದು ನಾನು ಕೇಳಿಲ್ಲ. 'ನಿವಾಸಿ' ಇರುವುದು ಅರ್ಜಿ ಫಾರಂಗಳಲ್ಲಿ. ವಾಸಿ ಅನ್ನೋದು ದೂರದಿಂದ ನೋಡಿದವರು ಅಂಟಿಸುವ ಚೀಟಿ. ಜೊತೆಗೆ ಸ್ವಲ್ಪ ಪಾಪ ಅನ್ನೋ ಭಾವವೂ ಬರುತ್ತದೆ.

ಈ ಪಾಠವನ್ನು ನನಗೆ ಮೊದಲು ಹೇಳಿಕೊಟ್ಟವರು ಕುಂದಾಪುರ ಕಡೆಯ ಒಬ್ಬ ಅಜ್ಜಿ. ಬಹಳ ವರ್ಷದ ಹಿಂದೆ ಒಂದು ಚಿತ್ರದ ತಂಡದ ಜೊತೆ ಹೊಳೆ ನಡುವಿನ ಕುದ್ರುವಿಗೆ ದೋಣಿಯಲ್ಲಿ ಹೋಗಿದ್ದೆ. ಅಜ್ಜಿಯ ಕಾಲಡಿ ಮೀನಿನ ಬುಟ್ಟಿ ಇತ್ತು, ಮೇಲೆ ಬಾಳೆ ಎಲೆ ಮುಚ್ಚಿತ್ತು. ದೋಣಿ ಅಲುಗಿದಾಗೆಲ್ಲ ನಾನು ಅಂಚು ಹಿಡಿಯುತ್ತಿದ್ದೆ, ಅವರು ಎಲೆ ಸರಿಮಾಡುತ್ತಿದ್ದರು. 'ದ್ವೀಪದಲ್ಲಿ ಇರೋದು ಕಷ್ಟ ಅಲ್ವಾ ಅಜ್ಜಿ?' ಅಂತ ಕೇಳಿದೆ. ಅವರು ನನ್ನ ಮುಖ ನೋಡಿದರು. 'ಹ್ವಾಯ್, ನಾವ್ ಕುದ್ರಿನರ್. ದ್ವೀಪ ಅಂದ್ರೆ ಅಂಡಮಾನ್ ಅಲ್ದಾ?'

ಅವರ ಪ್ರಕಾರ ದ್ವೀಪ ಅಂದರೆ ಸಮುದ್ರದಾಚೆ ಎಲ್ಲೋ ಇರುವಂಥದ್ದು, ಕರಿನೀರಿನ ಶಿಕ್ಷೆಯದ್ದು. ತಾವಿರುವುದು ಕುದ್ರು. ಅಲ್ಲಿ ತೆಂಗಿನ ತೋಟವಿದೆ, ದೈವದ ಮನೆಯಿದೆ, ಮೊಮ್ಮಕ್ಕಳಿದ್ದಾರೆ. ನೀರು ಸುತ್ತ ಇದೆ ಅಷ್ಟೆ.

ಕನ್ನಡ ನಾಡಿನಲ್ಲಿ ನೀರ ನಡುವಿನ ನೆಲಕ್ಕೆ ಎಷ್ಟು ಹೆಸರಿವೆ ಅಂತ ಆಮೇಲೆ ಗಮನಿಸತೊಡಗಿದೆ. ಕುಂದಾಪುರ, ಉಡುಪಿ ಕಡೆ ಕುದ್ರು. ಗೊಂಬೆಯಾಟಕ್ಕೆ ಹೆಸರಾದ ಉಪ್ಪಿನಕುದ್ರುವಿನ ಹೆಸರಲ್ಲೇ ಅದಿದೆ. ಮೇಲೆ ಉತ್ತರ ಕನ್ನಡಕ್ಕೆ ಹೋದರೆ ಅದು ಕುರ್ವೆ: ಶರಾವತಿಯಲ್ಲಿ ಮಾವಿನಕುರ್ವೆ, ಅಘನಾಶಿನಿಯಲ್ಲಿ ಐಗಳಕುರ್ವೆ. ಘಟ್ಟ ಹತ್ತಿ ರಾಯಚೂರಿಗೆ ಹೋದರೂ ಅದೇ ಪದ ಕೃಷ್ಣಾ ನದಿಯಲ್ಲಿ ಸಿಗುತ್ತದೆ. ಕುರ್ವಕಲಾ, ಕುರ್ವಕುರ್ದಾ ಎರಡೂ ನೀರ ನಡುವಿನ ಊರುಗಳು. ಹಳೆಯ ರೂಪ ಕುರುವ. ಅದೇ ಕೃಷ್ಣೆಯಲ್ಲಿ ಗಡ್ಡಿಗಳೂ ಇವೆ: ಕಡದರಗಡ್ಡಿ, ನೀಲಕಂಠರಾಯನ ಗಡ್ಡಿ. ಹಂಪಿಗೆ ಹೋದವರಿಗೆ ವಿರೂಪಾಪುರ ಗಡ್ಡೆ ಗೊತ್ತೇ ಇರುತ್ತದೆ. ಇನ್ನು ಕಾವೇರಿಯ ಮೂರು ರಂಗಗಳು, ಶ್ರೀರಂಗಪಟ್ಟಣ, ಶಿವನಸಮುದ್ರ ಮತ್ತು ತಮಿಳುನಾಡಿನ ಶ್ರೀರಂಗ, ಮೂರೂ ನದಿ ನಡುವೆಯೇ ಇವೆ. ಶ್ರೀರಂಗಪಟ್ಟಣದವರನ್ನು ದ್ವೀಪವಾಸಿಗಳು ಅಂತ ಯಾರಾದರೂ ಅಂದಿದ್ದಾರಾ? ಸೇತುವೆ ಇದೆ, ರೈಲಿದೆ, ಬೆಂಗಳೂರು–ಮೈಸೂರು ಬಸ್ಸಿದೆ. ನೀರು ಇದ್ದ ಮಾತ್ರಕ್ಕೆ ದ್ವೀಪ ಆಗುವುದಿಲ್ಲ, ದಾರಿ ಕಡಿಯಬೇಕು.

ದಾರಿ ಕಡಿದಾಗ ಏನಾಗುತ್ತದೆ ಅಂತ ನೀಲಕಂಠರಾಯನ ಗಡ್ಡಿಯವರನ್ನು ಕೇಳಬೇಕು. ಬಸವಸಾಗರ ಜಲಾಶಯದಿಂದ ನೀರು ಬಿಟ್ಟರೆ ಅವರ ಊರು ಆಚೆ ದಡದಿಂದ ಕಡಿದುಹೋಗುತ್ತಿತ್ತು. 2014ರ ಮಳೆಗಾಲದಲ್ಲಿ ಅಲ್ಲಿನ ತುಂಬು ಗರ್ಭಿಣಿಯೊಬ್ಬರು ಒಣಗಿದ ಸೋರೆಬುರುಡೆ ಕಟ್ಟಿಕೊಂಡು ಕೃಷ್ಣೆಯನ್ನು ಈಜಿ ಆಸ್ಪತ್ರೆ ಹಾದಿ ಹಿಡಿದರು. ಪತ್ರಿಕೆಗಳಲ್ಲೆಲ್ಲ ಬಂತು. ಅಲ್ಲಿಯವರೆಗೆ ಆ ಊರಿನ ಹೆಸರನ್ನೇ ಕೇಳದವರೂ ಅವತ್ತು 'ನಡುಗಡ್ಡೆಯ ಜನ' ಅಂದರು. ಪ್ರತಿ ಆಗಸ್ಟ್‌ನಲ್ಲಿ ಟಿವಿಯ ಕೆಳಗೆ ಓಡುವ ಸಾಲು ನೆನಪಿಸಿಕೊಳ್ಳಿ: 'ನಡುಗಡ್ಡೆಯಾದ ಗ್ರಾಮ', 'ದ್ವೀಪದಂತಾದ ಬಡಾವಣೆ'. ಪತ್ರಿಕೆಯ ಕನ್ನಡದಲ್ಲಿ ಈ ಎರಡೂ ಪದ ಈಗ ಪ್ರವಾಹದ ಪದಗಳೇ. ಬೋಟು, ಹಗ್ಗ, ಆಹಾರದ ಪೊಟ್ಟಣ ಕಣ್ಣ ಮುಂದೆ ಬರುತ್ತವೆ.

ಹಳೆಯ ಕಾಲದಲ್ಲಿ ಹೀಗಿರಲಿಲ್ಲ. ಇಲ್ಲಿ ಸ್ವಲ್ಪ ವ್ಯಾಕರಣಕ್ಕೆ ಇಳಿಯುತ್ತೇನೆ, ಸಹಿಸಿಕೊಳ್ಳಿ. ನನಗೆ ಇದು ತುಂಬಾ ಇಷ್ಟದ ಜಾಗ.

ದ್ವೀಪದೊಳಗೆ ಇರುವುದು 'ದ್ವಿ' ಮತ್ತು 'ಅಪ್'. ಎರಡು, ನೀರು. ಕೆಲವು ಪದಗಳ ಮುಂದೆ ಈ 'ಅಪ್' ಹೋಗಿ 'ಈಪ' ಆಗುತ್ತದೆ ಅಂತ ಪಾಣಿನಿ ಒಂದು ಸೂತ್ರವನ್ನೇ ಬರೆದಿದ್ದಾನೆ. ಅದರಿಂದ ಹುಟ್ಟಿದ್ದು ದ್ವೀಪ ಮಾತ್ರವಲ್ಲ. ಸಮೀಪ, ಪ್ರತೀಪ, ಅಂತರೀಪ ಎಲ್ಲವೂ ಅದೇ ಮನೆಯವು. ನಾವು ದಿನಾ ಬಳಸುವ 'ಸಮೀಪ'ದಲ್ಲಿ ನೀರಿದೆ! ಪ್ರತೀಪ ಅಂದರೆ ಹರಿವಿಗೆ ಎದುರು. ಅಂದರೆ ದ್ವೀಪಕ್ಕೆ ಪದದ ಲೆಕ್ಕದಲ್ಲಿ ಬೇಕಿರುವುದು ನಾಲ್ಕು ಕಡೆ ನೀರಲ್ಲ, ಎರಡು ಕಡೆ ನೀರು. ಹೊಳೆ ಒಡೆದು ಎಡಕ್ಕೊಂದು ಬಲಕ್ಕೊಂದು ಕವಲಾಗಿ ಹರಿಯುವ ಚಿತ್ರ ನನಗಂತೂ ಅದರಲ್ಲಿ ಕಾಣುತ್ತದೆ. ಆ ಲೆಕ್ಕದಲ್ಲಿ ಅಜ್ಜಿಯ ಕುದ್ರುವೇ ಸರಿಯಾದ ದ್ವೀಪ.

ನಮ್ಮ ಸಾಹಿತ್ಯದ ಅತಿ ಪ್ರಸಿದ್ಧ ದ್ವೀಪದವನೂ ಹೊಳೆಯವನೇ. ವ್ಯಾಸರು. ಯಮುನೆಯ ದ್ವೀಪದಲ್ಲಿ ಹುಟ್ಟಿದ ಮಗು, ಬಣ್ಣ ಕಪ್ಪು, ಆದ್ದರಿಂದ ಕೃಷ್ಣ ದ್ವೈಪಾಯನ. ಈ ಹೆಸರಿನಲ್ಲಿ ಒಂಟಿತನದ ಛಾಯೆ ಒಂದಿಷ್ಟೂ ಇಲ್ಲ. ದೋಣಿ ದಾಟಿಸುವ ಹುಡುಗಿ, ಋಷಿ, ಮಂಜು, ಅಲ್ಲಿಂದ ಇಡೀ ಭಾರತದ ಕತೆ. ದುರ್ಯೋಧನ ಕೊನೆಗೆ ಅಡಗಿದ ಕೊಳಕ್ಕೂ ಸಂಸ್ಕೃತ ಭಾರತದಲ್ಲಿ ದ್ವೈಪಾಯನ ಅಂತಲೇ ಹೆಸರು. ರನ್ನನಲ್ಲಿ ಅದು ವೈಶಂಪಾಯನ ಸರೋವರ, ಕನ್ನಡಿಗರ ಮನಸ್ಸಲ್ಲಿ ನಿಂತಿರುವುದೂ ಅದೇ. ಕನ್ನಡದ ಹಾದಿಯಲ್ಲಿ ದ್ವೀಪ ಹೀಗೆ ಸದ್ದಿಲ್ಲದೆ ಬಿದ್ದುಹೋಯಿತು.

ಇನ್ನು ಪೂಜೆಗೆ ಕೂತವರೆಲ್ಲ 'ಜಂಬೂದ್ವೀಪೇ ಭರತವರ್ಷೇ' ಅಂತ ಸಂಕಲ್ಪ ಮಾಡುತ್ತಾರೆ. ಆ ಭೂಗೋಳದಲ್ಲಿ ಲೋಕ ಅಂದರೆ ಏಳು ದ್ವೀಪ, ನಡುನಡುವೆ ಏಳು ಸಮುದ್ರ. ಆ ಪ್ರಕಾರ ದ್ವೀಪವಾಸಿ ಅಲ್ಲದವರು ಯಾರೂ ಇಲ್ಲ. ಆದರೂ ಪುರೋಹಿತರು ಆ ಸಾಲು ಹೇಳುವಾಗ ನಾವು ಯಾರೂ ನೀರಿನ ಬಗ್ಗೆ ಯೋಚಿಸುವುದಿಲ್ಲ.

ಹಾಗಾದರೆ ದ್ವೀಪದವನಿಗೆ ಸಂಸ್ಕೃತದಿಂದಲೇ ಚಿಕ್ಕ ಪದ ತರಬಾರದೇ ಅಂತ ಒಮ್ಮೆ ಪ್ರಯತ್ನಿಸಿದೆ. ಧನ ಇರುವವನು ಧನಿ, ಜ್ಞಾನ ಇರುವವನು ಜ್ಞಾನಿ, ದ್ವೀಪ ಇರುವವನು ದ್ವೀಪಿ. ಚೆನ್ನಾಗಿದೆ ಅಲ್ವಾ? ನಿಘಂಟು ತೆಗೆದರೆ ದ್ವೀಪಿ ಅಂದರೆ ಚಿರತೆ! ಮೈಮೇಲಿನ ಚುಕ್ಕೆಗಳು ದ್ವೀಪಗಳಂತೆ ಕಾಣುತ್ತವಲ್ಲ, ಅದಕ್ಕೆ. ದೀರ್ಘ ಬಿಟ್ಟು 'ದ್ವಿಪ' ಅಂತ ಬರೆದರೆ ಆನೆ, ಸೊಂಡಿಲಿನಿಂದ ಒಮ್ಮೆ ಬಾಯಿಂದ ಒಮ್ಮೆ ಕುಡಿಯುವುದು. ಒಂದು ದೀರ್ಘ ತಪ್ಪಿದರೆ ದ್ವೀಪದ ಬದಲು ಆನೆ ನಿಂತಿರುತ್ತದೆ. ಸಮುದ್ರದ ದ್ವೀಪಕ್ಕೆ ಸೇರಿದ್ದಕ್ಕೆ 'ದ್ವೈಪ್ಯ' ಎಂಬ ಬೇರೆ ಪದವನ್ನೂ ಪಾಣಿನಿ ಹೇಳಿದ್ದಾನೆ. ಹೊಳೆಯದ್ದು ಬೇರೆ, ಸಮುದ್ರದ್ದು ಬೇರೆ ಅಂತ ಅಜ್ಜಿ ಅಂದದ್ದೂ ಅದನ್ನೇ. ಆದರೆ ಸಬ್‌ಟೈಟಲ್‌ನಲ್ಲಿ ದ್ವೈಪ್ಯ ಅಂತ ಹಾಕಿದರೆ ಜನ ಟಿವಿ ಆರಿಸಿಬಿಡುತ್ತಾರೆ.

ಹೊಸಗನ್ನಡದಲ್ಲಿ ದ್ವೀಪದ ಬಣ್ಣ ಬದಲಾಯಿಸಿದ್ದು ಹಿನ್ನೀರು ಅಂತ ನನಗನಿಸುತ್ತದೆ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿ ಕಣಿವೆ ತುಂಬಿತು. ಗುಡ್ಡದ ತಲೆಗಳು ದ್ವೀಪಗಳಾದವು. ನಾ. ಡಿಸೋಜರ 'ದ್ವೀಪ' ಕಾದಂಬರಿ ಬಂದದ್ದು ಈ ಮುಳುಗಡೆಯ ಬದುಕಿನಿಂದ. ಗಿರೀಶ್ ಕಾಸರವಳ್ಳಿ 2002ರಲ್ಲಿ ಅದನ್ನು ಸಿನಿಮಾ ಮಾಡಿದರು. ಅಲ್ಲಿ ಜನ ದ್ವೀಪಕ್ಕೆ ಹೋಗಿ ನೆಲೆಸುವುದಿಲ್ಲ, ಕೂತಲ್ಲೇ ಮನೆ ದ್ವೀಪವಾಗುತ್ತದೆ. ಇಂಗ್ಲಿಷ್ ಕತೆಗಳಲ್ಲಿ ಹಡಗು ಒಡೆದು ದ್ವೀಪ ಸೇರುವವರನ್ನು ಓದಿಕೊಂಡ ನಮಗೆ ಇದು ಬೇರೆಯದೇ ಹೊಡೆತ. ಕವಿಗಳು 'ನಾನೊಂದು ದ್ವೀಪ' ಅಂತ ಬರೆದಾಗ ಸುಮ್ನೆ ಏಕಾಂತ ಅಂದುಕೊಳ್ಳುತ್ತೇವೆ. ಶರಾವತಿ ಹಿನ್ನೀರಿನಾಚೆಯ ತುಮರಿಯ ಕಡೆಯವರು ಹಾಗೆ ಓದುತ್ತಾರಾ, ಅನುಮಾನ. ಅವರಿಗೆ ದ್ವೀಪ ಅಂದರೆ ಸಂಜೆಯ ಕೊನೇ ಲಾಂಚ್ ತಪ್ಪುವುದಾಗಿತ್ತು. ಭೂಪಟ ನೋಡಿದರೆ ತುಮರಿಗೆ ಘಟ್ಟದ ಕಡೆಯಿಂದ ಸುತ್ತು ದಾರಿ ಇದೆ, ಪೂರ್ತಿ ದ್ವೀಪವೇ ಅಲ್ಲ. ಆದರೂ ಆರು ದಶಕ ಅದಕ್ಕೆ ದ್ವೀಪ ಅಂತಲೇ ಹೆಸರು. 2025ರ ಜುಲೈನಲ್ಲಿ ಸಿಗಂದೂರು ಸೇತುವೆ ತೆರೆಯಿತು. ಈಗ ಆ ಹೆಸರು ಎಷ್ಟು ದಿನ ಬಾಳುತ್ತದೋ ನೋಡಬೇಕು.

ದ್ವೀಪದವರು ಅಂತ ಹೆಮ್ಮೆಯಿಂದ ಹೇಳಿಕೊಳ್ಳುವ ಜನ ನಮಗೆ ತೀರಾ ದೂರದವರೇನಲ್ಲ. ಮಾಲ್ಡೀವ್ಸ್‌ನವರ ಭಾಷೆ ದಿವೇಹಿ. ಆ ಪದದ ಅರ್ಥವೇ ದ್ವೀಪದ್ದು, ದ್ವೀಪದವರದ್ದು. ಲಕ್ಷದ್ವೀಪದ ಮಿನಿಕಾಯ್‌ನಲ್ಲಿ ಆಡುವುದೂ ಅದರ ಒಂದು ರೂಪ. ಅಮೀನಿ, ಕಿಲ್ತಾನ್, ಕಡಮತ್ ಇರುವ ಅಮೀನಿದಿವಿ ಗುಂಪು 1956ರವರೆಗೆ ದಕ್ಷಿಣ ಕನ್ನಡ ಜಿಲ್ಲೆಗೇ ಸೇರಿತ್ತು. ಅಲ್ಲಿಯ ತೆಂಗಿನ ನಾರಿನ ಹುರಿ ಮಂಗಳೂರಿಗೆ ಬರುತ್ತಿತ್ತು, ಇಲ್ಲಿಂದ ಅಕ್ಕಿ ಹೋಗುತ್ತಿತ್ತು. ಆ ಹೆಸರಿನ 'ದಿವಿ' ಕೂಡ ದ್ವೀಪವೇ. ಮಲಯಾಳಿಗಳು ಲಕ್ಷದ್ವೀಪದವರನ್ನು 'ದ್ವೀಪುಕಾರ್' ಅನ್ನುತ್ತಾರೆ. ದ್ವೀಪದವರಿಗೆ ನಮ್ಮ ಇಡೀ ಭಾರತ 'ಕರ', ಅಂದರೆ ದಡ. ನನಗೆ ಇದು ಬಲು ಹಿಡಿಸಿತು. ದೆಹಲಿಯೂ ದಡ, ಬೀದರೂ ದಡ.

ಯುರೋಪಿನ ಕಡೆ ದ್ವೀಪದವರಿಗೆ ಅಷ್ಟು ಮರ್ಯಾದೆ ಸಿಗಲಿಲ್ಲ. ಲ್ಯಾಟಿನ್‌ನಲ್ಲಿ ದ್ವೀಪಕ್ಕೆ 'ಇನ್ಸುಲಾ'. ಅದರಿಂದ ಬಂದ 'ಇನ್ಸುಲರ್'ಗೆ ಇಂಗ್ಲಿಷಿನಲ್ಲಿ ಬಾವಿ ಕಪ್ಪೆ ಅನ್ನೋ ಅರ್ಥ ಅಂಟಿತು. ಕೋವಿಡ್ ಕಾಲದಲ್ಲಿ ನಾವೆಲ್ಲ ಕೋಣೆಯಲ್ಲಿ ಕೂತ 'ಐಸೋಲೇಷನ್' ಕೂಡ ಅದೇ ಬೇರಿನದು. ಸಕ್ಕರೆ ಕಾಯಿಲೆಯವರ ಇನ್ಸುಲಿನ್ ಸಹ. ಮೇದೋಜೀರಕದಲ್ಲಿ ದ್ವೀಪಗಳಂತೆ ಕಾಣುವ ಕೋಶಗಳ ಗುಂಪಿನಿಂದ ಅದಕ್ಕೆ ಆ ಹೆಸರು ಬಂತು. ಜಪಾನೀಯರು ತಮ್ಮನ್ನೇ ಬೈದುಕೊಳ್ಳುವಾಗ 'ಶಿಮಗುನಿ ಕೊಂಜೊ' ಅಂತಾರೆ: ದ್ವೀಪದೇಶದ ಬುದ್ಧಿ, ಸಣ್ಣ ಮನಸ್ಸು. ಪೆಸಿಫಿಕ್‌ ದ್ವೀಪಗಳ ಲೇಖಕ ಎಪೆಲಿ ಹೌಓಫಾ 1993ರ ಒಂದು ಪ್ರಬಂಧದಲ್ಲಿ ಈ ನೋಟವನ್ನೇ ತಿರುಗಿಸಿ ಹಾಕಿದರು. ದೂರದ ಸಮುದ್ರದಲ್ಲಿ ಚದುರಿದ ದ್ವೀಪಗಳು ಅನ್ನುವುದು ಖಂಡದವರ ಕಣ್ಣು, ತಮ್ಮ ಹಿರಿಯರಿಗೆ ಅದು ದ್ವೀಪಗಳಿಂದ ತುಂಬಿದ ಸಮುದ್ರ, ನೀರೇ ಅವರ ದಾರಿ ಅಂದರು. ಇದನ್ನು ಓದಿದಾಗ ನನಗೆ ಮತ್ತೆ ಆ ದೋಣಿ ನೆನಪಾಯಿತು. ಅಂಚು ಹಿಡಿದುಕೊಂಡಿದ್ದವನು ನಾನು.

ಸರಿ, ಒಕಿನಾವಾದ ಮುದುಕನ ಹತ್ತಿರ ವಾಪಸ್ ಬರೋಣ. ಶಿಮನ್ಚುವಿನ 'ಚು' ಅಂದರೆ ಜನ. 'ಶಿಮಾ' ಅಂದರೆ ದ್ವೀಪ. ಆದರೆ ಒಕಿನಾವಾದ ಮಾತಿನಲ್ಲಿ ಶಿಮಾ ಅಂದರೆ ಹುಟ್ಟಿದ ಹಳ್ಳಿ, ತನ್ನ ಊರು ಅಂತಲೂ ಅರ್ಥ. ಎರಡಕ್ಕೂ ಒಂದೇ ಪದ. ಇಂಗ್ಲಿಷ್ ಅದರಲ್ಲಿ ದ್ವೀಪವನ್ನು ಮಾತ್ರ ಎತ್ತಿಕೊಂಡಿತ್ತು. ಉಳಿದ ಅರ್ಧ ನನಗೆ ಸಿಕ್ಕಿತು.

'ಇದೇ ಊರಿನವ' ಅಂತ ಬರೆದೆ.

ಪರಿಶೀಲನೆ ಮಾಡುವವರಿಂದ ಮಾರನೇ ದಿನ ಪ್ರಶ್ನೆ ಬಂತು: 'ಸರ್, ದ್ವೀಪ ಎಲ್ಲಿ ಹೋಯ್ತು?' ಮುದುಕನ ಹಿಂದೆ ಅಷ್ಟಗಲ ಸಮುದ್ರ ಕಾಣ್ತಿದೆಯಲ್ಲ, ಮತ್ತೆ ನಾನ್ಯಾಕೆ ಹೇಳಲಿ ಅಂತ ಉತ್ತರ ಕಳಿಸಿದೆ. ಒಪ್ಪಿಕೊಂಡರು. ಚಿತ್ರ ಬಿಡುಗಡೆಯಾದಾಗ ನೋಡಿದೆ, ಸಾಲು ಹಾಗೇ ಇದೆ. ಚಿತ್ರದ ಕೆಳಗಿನ ಪರಿಚಯದಲ್ಲಿ ಮಾತ್ರ ಯಾರೋ ಬರೆದಿದ್ದಾರೆ: 'ಒಬ್ಬ ವೃದ್ಧ ದ್ವೀಪವಾಸಿಯ ಕತೆ'.