ಯುರೇನಿಯಂ ಒಡೆದದ್ದು ಯಾರಿಗೆ ಗೊತ್ತಾಯಿತು? ಹಾನ್‌ಗಾ, ಮೈಟ್ನರ್‌ಗಾ?

ಪ್ರಶ್ನೆ: ನ್ಯೂಕ್ಲಿಯರ್ ವಿದಳನ, ಅಂದರೆ ಪರಮಾಣುವಿನ ಬೀಜಕೇಂದ್ರ ಎರಡಾಗಿ ಒಡೆಯುವುದು, ಇದನ್ನು ಕಂಡುಹಿಡಿದದ್ದು ಒಟ್ಟೊ ಹಾನ್ ಎಂದು ಓದಿದ್ದೆ. ಈಗ ಹಲವರು ಲೀಸ ಮೈಟ್ನರ್ ಎನ್ನುತ್ತಾರೆ. ನಿಜಕ್ಕೂ ಯಾರು?

ಉತ್ತರ: ಇಬ್ಬರೂ. ಸುಮ್ನೆ ಸಮಾಧಾನಕ್ಕೆ ಹೀಗೆ ಹೇಳುತ್ತಿಲ್ಲ. ಈ ಶೋಧ ನಡೆದದ್ದೇ ಎರಡು ಊರುಗಳಲ್ಲಿ. ನ್ಯೂಟ್ರಾನ್ ಕಣ ಹೊಡೆದ ಯುರೇನಿಯಂ ಒಳಗೆ ಅದಕ್ಕಿಂತ ತುಂಬ ಹಗುರವಾದ ಬೇರಿಯಂ ಧಾತು ಬಂದಿದೆ ಎಂದು ಬರ್ಲಿನ್‌ನಲ್ಲಿ ತೋರಿಸಿದವರು ಹಾನ್ ಮತ್ತು ಫ್ರಿಟ್ಸ್ ಸ್ಟ್ರಾಸ್‌ಮನ್. ಅದು ಎಲ್ಲಿಂದ ಬಂತು ಎಂದು ಸ್ವೀಡನ್‌ನಲ್ಲಿ ಕೂತು ಬಿಡಿಸಿ ಹೇಳಿದವರು ಮೈಟ್ನರ್ ಮತ್ತು ಅವರ ಅಕ್ಕನ ಮಗ ಒಟ್ಟೊ ಫ್ರಿಶ್.

ಸ್ವಲ್ಪ ಹಿಂದಕ್ಕೆ ಹೋಗೋಣ. 1934ರಲ್ಲಿ ರೋಮ್‌ನಲ್ಲಿ ಎನ್ರಿಕೊ ಫರ್ಮಿ ಯುರೇನಿಯಂಗೆ ನ್ಯೂಟ್ರಾನ್ ಹೊಡೆದು ನೋಡಿದರು. ಯುರೇನಿಯಂಗಿಂತ ಭಾರದ ಹೊಸ ಧಾತು ಹುಟ್ಟಿದೆ ಎಂದುಕೊಂಡರು. ಬೀಜಕೇಂದ್ರವೇ ದೊಡ್ಡ ಹೋಳುಗಳಾಗಿ ಒಡೆದಿರಬಹುದಲ್ಲ ಎಂದು ಜರ್ಮನಿಯ ಇಡಾ ನೊಡಾಕ್ ಅದೇ ವರ್ಷ ಬರೆದರು. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಬೀಜಕೇಂದ್ರದಿಂದ ಸಣ್ಣ ಚೂರು ಸಿಡಿಯುವುದನ್ನು ನೋಡಿದ್ದರು, ಅಷ್ಟೇ. ಅದು ಎರಡು ಹೋಳಾಗುತ್ತದೆ ಎಂಬುದು ಆಗ ನಂಬುವ ಮಾತೇ ಆಗಿರಲಿಲ್ಲ.

ಫರ್ಮಿಯ ಈ ಪ್ರಯೋಗದ ಬೆನ್ನು ಹತ್ತೋಣ ಎಂದು ಹಾನ್ ಅವರನ್ನು ಹೊರಡಿಸಿದವರು ಮೈಟ್ನರ್. ಅಷ್ಟರಲ್ಲಿ ಅವರಿಬ್ಬರ ಒಡನಾಟಕ್ಕೆ 27 ವರ್ಷ ತುಂಬಿತ್ತು. 1907ರಲ್ಲಿ ವಿಯೆನ್ನಾದಿಂದ ಮೈಟ್ನರ್ ಬರ್ಲಿನ್‌ಗೆ ಬಂದಾಗ ಹಾನ್ ಇದ್ದ ಕೆಮಿಸ್ಟ್ರಿ ಸಂಸ್ಥೆಯೊಳಗೆ ಹೆಂಗಸರಿಗೆ ಪ್ರವೇಶವೇ ಇರಲಿಲ್ಲ. ನೆಲಮಾಳಿಗೆಯಲ್ಲಿ ಬಡಗಿ ಕೆಲಸಕ್ಕೆಂದು ಇದ್ದ ಕೋಣೆಯಲ್ಲಿ ಇಬ್ಬರೂ ಕೆಲಸ ಶುರು ಮಾಡಿದ್ದರು. ಹಾನ್ ಕೆಮಿಸ್ಟ್ರಿ, ಮೈಟ್ನರ್ ಫಿಸಿಕ್ಸ್. ಒಬ್ಬರಿಲ್ಲದೆ ಇನ್ನೊಬ್ಬರ ಕೆಲಸ ಮುಂದೆ ಸಾಗುತ್ತಿರಲಿಲ್ಲ.

ಮೈಟ್ನರ್ ಹುಟ್ಟಿದ್ದು ಯಹೂದಿ ಮನೆತನದಲ್ಲಿ. ಆಸ್ಟ್ರಿಯಾ ಪ್ರಜೆ ಎಂಬ ಒಂದೇ ಆಸರೆ ಅವರನ್ನು ಕಾಪಾಡಿತ್ತು. 1938ರ ಮಾರ್ಚ್‌ನಲ್ಲಿ ಹಿಟ್ಲರ್ ಆಸ್ಟ್ರಿಯಾವನ್ನು ನುಂಗಿದಾಗ ಅದೂ ಹೋಯಿತು. ಜುಲೈ 13ರಂದು ಅವರು ಕದ್ದುಮುಚ್ಚಿ ರೈಲು ಹತ್ತಿ ಹಾಲೆಂಡ್‌ಗೆ ದಾಟಿದರು. ವಯಸ್ಸು 59. ಕೈಯಲ್ಲಿ ಎರಡು ಸಣ್ಣ ಪೆಟ್ಟಿಗೆ, 10 ಮಾರ್ಕ್ ಹಣ. ಗಡಿಯಲ್ಲಿ ಲಂಚ ಕೇಳಿದರೆ ಇರಲಿ ಎಂದು ಹಾನ್ ತನ್ನ ತಾಯಿಯ ವಜ್ರದ ಉಂಗುರ ಕೊಟ್ಟಿದ್ದರು.

ಅವರು ಹೋದ ಐದೇ ತಿಂಗಳಿಗೆ ಉತ್ತರ ಕೈಗೆ ಬಂತು. ಯುರೇನಿಯಂನಿಂದ ರೇಡಿಯಂ ಹುಟ್ಟುತ್ತಿದೆ ಎಂದು ಹಾನ್ ಮತ್ತು ಸ್ಟ್ರಾಸ್‌ಮನ್ ನಂಬಿದ್ದರು. ಆದರೆ ಆ 'ರೇಡಿಯಂ' ಅನ್ನು, ಅದನ್ನು ಹಿಡಿಯಲೆಂದು ತಾವೇ ಬೆರೆಸಿದ್ದ ಬೇರಿಯಂನಿಂದ ಬೇರ್ಪಡಿಸಲು ಎಷ್ಟು ಹೆಣಗಿದರೂ ಆಗಲಿಲ್ಲ. ಕೊನೆಗೆ ಅದು ಬೇರಿಯಂ ಎಂದೇ ಒಪ್ಪಬೇಕಾಯಿತು. ಡಿಸೆಂಬರ್ 19ರಂದು ಹಾನ್ ಮೈಟ್ನರ್‌ಗೆ ಕಾಗದ ಬರೆದರು. ಯುರೇನಿಯಂ ಹಾಗೆ ಒಡೆಯಲಾರದು ಎಂದು ನಮಗೂ ಗೊತ್ತು, ನೀವೇ ಏನಾದರೂ ವಿವರಣೆ ಹುಡುಕಿ ಎಂಬುದು ಅದರ ತಾತ್ಪರ್ಯ. ನನ್ನ ಪ್ರಕಾರ ನಿಮ್ಮ ಪ್ರಶ್ನೆಗೆ ಈ ಕಾಗದವೇ ದೊಡ್ಡ ಸಾಕ್ಷಿ.

ಮೈಟ್ನರ್ ಅಷ್ಟರಲ್ಲಿ ಹಾಲೆಂಡ್‌ನಿಂದ ಸ್ವೀಡನ್ ಸೇರಿದ್ದರು. ಕ್ರಿಸ್ಮಸ್ ರಜೆಗೆ ಅವರು ತಂಗಿದ್ದ ಕುಂಗೆಲ್ವ್ ಊರಿಗೆ ಫ್ರಿಶ್ ಬಂದಿದ್ದರು. ಇಬ್ಬರೂ ಹಿಮದಲ್ಲಿ ಹೊರಟರು. ಫ್ರಿಶ್ ಕಾಲಿಗೆ ಸ್ಕೀ ಕಟ್ಟಿಕೊಂಡಿದ್ದರು, ಮೈಟ್ನರ್ ಸ್ಕೀ ಇಲ್ಲದೆ ನಡೆದೇ ಬಂದರು. ದಾರಿಯಲ್ಲಿ ಬಿದ್ದ ಮರದ ಮೇಲೆ ಕೂತು ಕಾಗದದ ಚೂರುಗಳಲ್ಲಿ ಲೆಕ್ಕ ಹಾಕತೊಡಗಿದರು.

ಕೆಸುವಿನ ಎಲೆ ಮೇಲೆ ನೀರಿನ ದೊಡ್ಡ ಹನಿ ಅಲುಗುವುದನ್ನು ನೋಡಿದ್ದೀರಲ್ವಾ? ಉದ್ದವಾಗುತ್ತದೆ, ನಡು ಸಣ್ಣಗಾಗುತ್ತದೆ, ಎರಡಾಗುತ್ತದೆ. ಬೀಜಕೇಂದ್ರವೂ ಹನಿಯ ಹಾಗೆ ಎಂದು ನೀಲ್ಸ್ ಬೋರ್ ಆಗಲೇ ಹೇಳಿದ್ದರು. ಯುರೇನಿಯಂನಲ್ಲಿ 92 ಪ್ರೋಟಾನ್‌ಗಳು ಒಂದನ್ನೊಂದು ತಳ್ಳುತ್ತಿರುತ್ತವೆ. ಹನಿಯನ್ನು ಹಿಡಿದಿಡುವ ಬಿಗಿತ ಆಗಲೇ ಸೋಲುವ ಹಂತದಲ್ಲಿರುತ್ತದೆ. ಒಂದು ನ್ಯೂಟ್ರಾನ್ ಒಳನುಗ್ಗಿದರೆ ಸಾಕು. ಬೇರಿಯಂನಲ್ಲಿ 56 ಪ್ರೋಟಾನ್. ಉಳಿದ 36 ಕ್ರಿಪ್ಟಾನ್‌ನದು. ಸೇರಿಸಿದರೆ 92.

ಒಡೆದ ಹೋಳುಗಳು ಸುಮಾರು 20 ಕೋಟಿ ಎಲೆಕ್ಟ್ರಾನ್ ವೋಲ್ಟ್ (ಪರಮಾಣು ಮಟ್ಟದ ಶಕ್ತಿ ಅಳೆಯುವ ಮಾನ) ಶಕ್ತಿಯಿಂದ ದೂರ ಚಿಮ್ಮಬೇಕು. ಆ ಶಕ್ತಿ ಎಲ್ಲಿಂದ? ಬೀಜಕೇಂದ್ರಗಳ ತೂಕದ ಸೂತ್ರ ಮೈಟ್ನರ್‌ಗೆ ಬಾಯಿಪಾಠ. ಹೋಳುಗಳ ತೂಕ ಕೂಡಿದರೆ ಪ್ರೋಟಾನ್ ತೂಕದ ಐದನೇ ಒಂದು ಭಾಗ ಕಡಿಮೆ ಬಂತು. ಅದನ್ನು ಎಷ್ಟು ತೂಕಕ್ಕೆ ಎಷ್ಟು ಶಕ್ತಿ ಎಂದು ಹೇಳುವ ಐನ್‌ಸ್ಟೈನ್ ಸೂತ್ರಕ್ಕೆ ಹಾಕಿದರೆ ಅದೇ 20 ಕೋಟಿ. ಲೆಕ್ಕ ತಾಳೆಯಾಯಿತು. ಇದ್ದಿಲಿನ ಒಂದು ಪರಮಾಣು ಉರಿದರೆ ಸಿಗುವುದು ಸುಮಾರು 4 ಎಲೆಕ್ಟ್ರಾನ್ ವೋಲ್ಟ್ ಮಾತ್ರ.

ಹೆಸರಿಟ್ಟವರು ಫ್ರಿಶ್. ಜೀವಕೋಶ ಎರಡಾಗುವುದಕ್ಕೆ ಏನೆನ್ನುತ್ತೀರಿ ಎಂದು ಒಬ್ಬ ಜೀವವಿಜ್ಞಾನಿಯನ್ನು ಕೇಳಿ 'ಫಿಷನ್' ಎಂಬ ಆ ಪದವನ್ನೇ ಎತ್ತಿಕೊಂಡರು. ಕನ್ನಡದಲ್ಲೂ ಅಮೀಬಾದ್ದು ದ್ವಿವಿದಳನ, ಯುರೇನಿಯಂದು ವಿದಳನ. ದ್ವಿದಳ ಧಾನ್ಯದ ದಳವೂ ಇದೇ ಬಳಗದ್ದು.

ಹಾಗಾದರೆ ಹಾನ್ ಹೆಸರೇ ಏಕೆ ಉಳಿಯಿತು? 1939ರ ಜನವರಿ 6ರಂದು ಅಚ್ಚಾದ ಬೇರಿಯಂ ಪ್ರಬಂಧದಲ್ಲಿ ಇದ್ದದ್ದು ಹಾನ್ ಮತ್ತು ಸ್ಟ್ರಾಸ್‌ಮನ್ ಹೆಸರು. ಓಡಿಹೋದ ಯಹೂದಿ ಮಹಿಳೆಯ ಹೆಸರನ್ನು ಅಂದಿನ ಜರ್ಮನಿಯಲ್ಲಿ ಸೇರಿಸುವಂತಿರಲಿಲ್ಲ. ಮೈಟ್ನರ್ ಮತ್ತು ಫ್ರಿಶ್ ಬರೆದದ್ದು ಫೆಬ್ರವರಿ 11ಕ್ಕೆ ಬೇರೆಯಾಗಿ ಬಂತು. 1944ರ ಕೆಮಿಸ್ಟ್ರಿ ನೊಬೆಲ್ ಹಾನ್ ಒಬ್ಬರಿಗೇ ಹೋಯಿತು. ಇದು ಕೆಮಿಸ್ಟ್ರಿಯ ಗೆಲುವು ಎಂದೇ ಹಾನ್ ಮುಂದೆಯೂ ಹೇಳುತ್ತಾ ಬಂದರು. ಉಂಗುರ ಕೊಟ್ಟ ಅದೇ ಗೆಳೆಯ ಹೀಗೆ ಹೇಳಿದರಲ್ಲ ಎಂಬುದು ನನಗೆ ನೊಬೆಲ್ ತಪ್ಪಿದ್ದಕ್ಕಿಂತ ಜಾಸ್ತಿ ನೋವು ಕೊಡುತ್ತದೆ. ಮ್ಯೂನಿಕ್‌ನ ಡಾಯ್ಚಸ್ ಮ್ಯೂಸಿಯಂನಲ್ಲಿ ಆ ಪ್ರಯೋಗದ ಉಪಕರಣಗಳನ್ನಿಟ್ಟ ಮೇಜಿಗೂ ದಶಕಗಳ ಕಾಲ ಇದ್ದದ್ದು ಹಾನ್ ಹೆಸರೇ.

ಮುಂದಿನದು ನಿಮಗೆ ಗೊತ್ತಿರುವ ಕಥೆ. 1942ರ ಡಿಸೆಂಬರ್ 2ರಂದು ಶಿಕಾಗೊದಲ್ಲಿ ಒಂದು ಒಡೆತ ಇನ್ನೊಂದನ್ನು ಹುಟ್ಟಿಸುತ್ತಾ ಹೋಗುವ ಮೊದಲ ಸರಪಳಿ ಕ್ರಿಯೆ, 1945ರ ಆಗಸ್ಟ್ 6ಕ್ಕೆ ಹಿರೋಶಿಮಾ, 9ಕ್ಕೆ ನಾಗಸಾಕಿ. ನಮ್ಮ ಕೈಗಾದಲ್ಲಿ ವಿದ್ಯುತ್ ಹುಟ್ಟುವುದೂ ಇದೇ ಒಡೆತದಿಂದ. ಬಾಂಬ್ ಕೆಲಸಕ್ಕೆ ಕರೆ ಬಂದಾಗ ಮೈಟ್ನರ್ ಒಪ್ಪಲಿಲ್ಲ. ಬ್ರಿಟನ್‌ನಲ್ಲಿ ಬಂಧನದಲ್ಲಿದ್ದ ಹಾನ್, ಹಿರೋಶಿಮಾ ಸುದ್ದಿ ಕೇಳಿ ಇದಕ್ಕೆ ತಾನೂ ಹೊಣೆ ಎಂದು ಕುಸಿದುಹೋದರು.

1966ರಲ್ಲಿ ಅಮೆರಿಕದ ಫರ್ಮಿ ಪ್ರಶಸ್ತಿ ಹಾನ್, ಮೈಟ್ನರ್, ಸ್ಟ್ರಾಸ್‌ಮನ್ ಮೂವರಿಗೂ ಸೇರಿ ಬಂತು. ಎರಡು ವರ್ಷದ ನಂತರ, 1968ರ ಜುಲೈನಲ್ಲಿ ಹಾನ್ ತೀರಿಕೊಂಡರು. ಆಗ ಕೇಂಬ್ರಿಜ್‌ನಲ್ಲಿದ್ದ ಮೈಟ್ನರ್ ತುಂಬ ನಿತ್ರಾಣರಾಗಿದ್ದರು. ತಡೆದುಕೊಳ್ಳಲಾರರು ಎಂದು ಮನೆಯವರು ಸುದ್ದಿ ಹೇಳಲಿಲ್ಲ. ಅಕ್ಟೋಬರ್ 27ರಂದು ಅವರೂ ಹೋದರು.