ಕೆಫೆ ಮರೋನ್: ಒಂದೇ ಗಿಡವಾಗಿ ಉಳಿದಿದ್ದ ಕಾಡುಕಾಫಿಯ ಹಿನ್ನೆಲೆ

ಕಾಫಿ ಮಂಡಳಿಯ ಕೇಂದ್ರ ಕಚೇರಿಯೇ ಇರುವ ಬೆಂಗಳೂರಿನಲ್ಲಿ, ‘ಅಳಿದುಹೋಗಿ ಮರಳಿ ಬಂದ ಕಾಫಿ’ಯ ಸುದ್ದಿ ಕೈತೋಟದ ಆಸಕ್ತರ ನಡುವೆ ಆಗಾಗ ತಲೆಯೆತ್ತುವುದು ಸಹಜವೇ. ಆದರೆ ಬಾಯಿಂದ ಬಾಯಿಗೆ ಹೋಗುತ್ತ ಸಂಗತಿ ಕಲಸಿಹೋಗಿದೆ. ಲಂಡನ್ನಿನಲ್ಲಿ ಅದನ್ನು ಹೊಸದಾಗಿ ಸೃಷ್ಟಿಸಿದರು ಎನ್ನುವವರಿದ್ದಾರೆ, ಇನ್ನೇನು ಕಾಡೆಲ್ಲ ಅದೇ ತುಂಬಿಕೊಳ್ಳುತ್ತದೆ ಎಂದು ನಂಬಿದವರೂ ಇದ್ದಾರೆ. ಕೆಫೆ ಮರೋನ್ ಎಂಬ ಈ ಪೊದೆ ಕಾಫಿಯ ಕುಟುಂಬಕ್ಕೆ ಸೇರಿದ್ದು ನಿಜ. ಆ ಲೆಕ್ಕದಲ್ಲಿ ನಮ್ಮ ಉದ್ಯಾನಗಳ ಅಂಚಿನಲ್ಲಿ ಬೆಳೆಸುವ ಕೇಪಳವೂ ಅದರ ನೆಂಟನೇ.

ಅದರ ತವರು ಮಾರಿಷಸ್‌ನ ಪೂರ್ವಕ್ಕೆ ಸುಮಾರು 600 ಕಿ.ಮೀ. ದೂರದಲ್ಲಿರುವ ರೊಡ್ರಿಗಸ್ ದ್ವೀಪ. 1691ರಲ್ಲಿ ಫ್ರೆಂಚ್ ಯಾತ್ರಿಕ ಫ್ರಾನ್ಸ್ವಾ ಲೆಗಾ ಅಲ್ಲಿಳಿದಾಗ ಕಂಡ ಹಾರಲಾರದ ಸಾಲಿಟೇರ್ ಹಕ್ಕಿಯೂ ದೈತ್ಯ ಆಮೆಗಳೂ ಒಂದು ಶತಮಾನದ ಆಸುಪಾಸಿನಲ್ಲಿ ಮುಗಿದವು. ಮುಂದೆ ಬೆಂಕಿ, ಮೇಯುವ ಆಡು-ದನ, ಕೊನೆಗೆ ನಮ್ಮ ಬಂಡೀಪುರವನ್ನೂ ಕಾಡುತ್ತಿರುವ ಲಂಟಾನ ಕಾಡನ್ನು ತಿಂದುಹಾಕಿದವು. 1874ರಲ್ಲಿ ಶುಕ್ರ ಸಂಕ್ರಮಣದ, ಅಂದರೆ ಶುಕ್ರ ಗ್ರಹ ಸೂರ್ಯನ ಮುಂದೆ ಹಾದುಹೋಗುವುದರ, ವೀಕ್ಷಣೆಯ ತಂಡದೊಡನೆ ಬಂದ ಸಸ್ಯವಿಜ್ಞಾನಿ ಐಸಾಕ್ ಬೇಲಿ ಬಾಲ್ಫರ್ ದ್ವೀಪದ ಸಸ್ಯಗಳನ್ನು ದಾಖಲಿಸಿದರು. ಇಪ್ಪತ್ತನೆಯ ಶತಮಾನದ ನಡುಭಾಗ ದಾಟುವಷ್ಟರಲ್ಲಿ ಕೆಫೆ ಮರೋನ್ ಅಳಿದವುಗಳ ಪಟ್ಟಿಗೆ ಸೇರಿತ್ತು.

1980ರ ಸುಮಾರಿಗೆ ಅಲ್ಲಿನ ಶಿಕ್ಷಕರೊಬ್ಬರು ಸ್ಥಳೀಯ ಗಿಡಗಳ ಪಾಠ ಮಾಡುತ್ತಿದ್ದಾಗ, ವಿದ್ಯಾರ್ಥಿಯೊಬ್ಬ ತನಗೆ ಕಂಡಿದ್ದ ಪೊದೆಯ ರೆಂಬೆಯನ್ನು ತಂದುಕೊಟ್ಟ. ಗುರುತಿಸಲು ಲಂಡನ್ನಿನ ಸಸ್ಯೋದ್ಯಾನವಾದ ಕ್ಯೂಗೆ ಕಳುಹಿಸಿದಾಗ ಅದು ಕೆಫೆ ಮರೋನ್ ಎಂದೇ ತಿಳಿಯಿತು. ಸುದ್ದಿ ಹರಡಿದಂತೆ ಗಿಡಕ್ಕೆ ಕುತ್ತು ಹೆಚ್ಚಿತು. ಕುಡಿದ ಮರುದಿನದ ತಲೆಭಾರಕ್ಕೂ ಗುಹ್ಯರೋಗಕ್ಕೂ ಅದು ಮದ್ದೆಂಬ ನಂಬಿಕೆ ಊರಲ್ಲಿತ್ತು. ಬೇಲಿ ಹಾಕಿದರು; ಬೇಲಿ ಹಾರಿ ರೆಂಬೆ ಮುರಿದರು; ಮತ್ತೊಂದು ಸುತ್ತು ಬೇಲಿ ಎದ್ದಿತು. ತಲೆಮಾರುಗಳಿಂದ ಕೈಗೆಟುಕುತ್ತಿದ್ದ ಮದ್ದಿಗೆ ಒಂದು ದಿನ ಏಕಾಏಕಿ ತಂತಿ ಸುತ್ತಿದರೆ ಜನ ಮುನಿಯದೆ ಇರುತ್ತಾರೆಯೇ ಎಂಬ ಪ್ರಶ್ನೆಯನ್ನು ಆಗಲೇ ಕೇಳಿಕೊಳ್ಳಬಹುದಿತ್ತು.

1986ರಲ್ಲಿ ಕೆಲವು ಕಡ್ಡಿಗಳು ವಿಮಾನದಲ್ಲಿ ಕ್ಯೂ ತಲುಪಿದವು. ಬೇರೂರಿದ್ದು ಒಂದೇ. ಆ ಒಂದರಿಂದ ಮತ್ತಷ್ಟು ಗಿಡಗಳಾದವು, ನಕ್ಷತ್ರದಂಥ ಐದೆಸಳಿನ ಬಿಳಿ ಹೂಗಳು ಧಾರಾಳವಾಗಿ ಅರಳಿದವು, ಕಾಯಿ ಮಾತ್ರ ಕಟ್ಟಲಿಲ್ಲ. ಪಕ್ಕದ ಮನೆಯಿಂದ ದಾಸವಾಳದ ಕಡ್ಡಿ ತಂದು ನೆಟ್ಟರೆ ಅಲ್ಲಿನ ಗಿಡವೇ ಇಲ್ಲೂ ಬೆಳೆಯುವಂತೆ, ಕ್ಯೂನ ಗಾಜಿನ ಮನೆಯಲ್ಲಿದ್ದವೆಲ್ಲ ಒಂದೇ ಗಿಡದ ಪ್ರತಿಗಳಾಗಿದ್ದವು. ಹೂವಿನ ಪರಾಗ ಚೆನ್ನಾಗಿಯೇ ಇತ್ತು, ಆದರೆ ಶಲಾಕಾಗ್ರದ, ಅಂದರೆ ಪರಾಗ ಹಿಡಿಯುವ ಹೆಣ್ಣು ಭಾಗದ ತುದಿಯ, ಮೇಲೆ ಅದನ್ನಿಟ್ಟರೆ ಅಂಡಾಶಯದವರೆಗೆ ಸಾಗುತ್ತಿರಲಿಲ್ಲ. ಹೀಗೆ ಹದಿನೇಳು ವರ್ಷ ಕಳೆದವು. ‘ಉಳಿಸಲಾಗಿದೆ’ ಎಂಬ ಮಾತು ಆ ಅವಧಿಯಲ್ಲಿ ಎಷ್ಟು ಸಡಿಲವಾಗಿ ಬಳಕೆಯಾಯಿತೆಂಬುದು ಗಮನಿಸತಕ್ಕದ್ದು.

ಬಿಕ್ಕಟ್ಟನ್ನು ಬಿಡಿಸಿದವರು ಕ್ಯೂನ ತೋಟಗಾರಿಕೆ ತಜ್ಞ ಕಾರ್ಲೋಸ್ ಮ್ಯಾಗ್ಡಲೀನಾ. ಅವರು ಶಲಾಕಾಗ್ರವನ್ನು ಹರಿತವಾಗಿ ಕತ್ತರಿಸಿ, ಗಾಯದ ಮೇಲೆಯೇ ನೇರವಾಗಿ ಪರಾಗ ಹಚ್ಚಿದರು. ಪದೇಪದೇ ಮಾಡಿದ ಈ ಪ್ರಯತ್ನಗಳಲ್ಲಿ, ಹೆಚ್ಚು ಬಿಸಿ ತಾಗುವ ಜಾಗದಲ್ಲಿದ್ದ ಗಿಡ ಕಾಯಿ ಕಟ್ಟುವ ಲಕ್ಷಣ ತೋರಿತು. 2003ರಲ್ಲಿ ಮೊಳೆಯಬಲ್ಲ ಬೀಜ ಸಿಕ್ಕಿತು. ಸಸಿಗಳು ಹುಟ್ಟಿದಾಗ ಎಳೆಯ ಎಲೆಗಳು ಉದ್ದವಾಗಿ, ಕಿರಿದಾಗಿ, ಕಂದು ಬಣ್ಣದಲ್ಲಿದ್ದವು, ಬಲಿತ ಗಿಡದ ಹೊಳೆಯುವ ಹಸಿರು ಎಲೆಗೂ ಅವಕ್ಕೂ ಸಂಬಂಧವೇ ಇಲ್ಲವೆನ್ನುವಷ್ಟು ಬೇರೆ. ಆಮೆಗಳ ಬಾಯಿಂದ ತಪ್ಪಿಸಿಕೊಳ್ಳಲು ಗಿಡ ರೂಢಿಸಿಕೊಂಡ ವೇಷ ಇದೆಂಬ ಊಹೆಯುಂಟು.

ಆ ಬಳಿಕ ಬೀಜಗಳು ರೊಡ್ರಿಗಸ್‌ಗೆ ಮರಳಿದವು. ಆದರೂ ಅದನ್ನು ತೀವ್ರ ಅಪಾಯದಲ್ಲಿರುವ ಪ್ರಭೇದವೆಂದೇ ಪರಿಗಣಿಸಲಾಗುತ್ತದೆ. ಎಲ್ಲವೂ ಒಂದೇ ತಾಯಿಯ ಸಂತಾನವಾದ್ದರಿಂದ ಯಾವುದಾದರೂ ರೋಗ ಬಿದ್ದರೆ ತಡೆದುಕೊಳ್ಳುವ ವೈವಿಧ್ಯ ಅವುಗಳಲ್ಲಿಲ್ಲ. ಆಡು-ದನಗಳು ಇಂದಿಗೂ ಮೇಯುವ ಆ ದ್ವೀಪದಲ್ಲಿ, ಅಕ್ಕಪಕ್ಕದವರು ಕಾಯಲು ಒಪ್ಪಿದ ಕಡೆಯಷ್ಟೇ ಸಸಿ ನೆಡುವುದರಲ್ಲಿ ಅರ್ಥವಿದೆ.