ನಾಲ್ಕು ಗಂಟೆಯ ಮೌನ

ಆಪ್ತಸಮಾಲೋಚನೆಗೆ ಬರುವವರಲ್ಲಿ ‘ನನಗೆ ಒಂಟಿತನ’ ಎಂದು ಮಾತು ಆರಂಭಿಸುವವರು ವಿರಳ. ನಿದ್ದೆ ಹತ್ತುವುದಿಲ್ಲ, ಕೆಲಸದಲ್ಲಿ ಮನಸ್ಸು ನಿಲ್ಲುವುದಿಲ್ಲ ಎನ್ನುತ್ತಾರೆ. ಯುವತಿಯೊಬ್ಬರು ಮೂರನೆಯ ಭೇಟಿಯಲ್ಲಿ ಮೊಬೈಲ್ ತೆಗೆದು ನನ್ನ ಮುಂದಿಟ್ಟರು. ಸಹೋದ್ಯೋಗಿಗೆ ‘ಭಾನುವಾರ ಬಿಡುವಿದೆಯೇ?’ ಎಂದು ಬರೆದಿದ್ದರು. ಓದಿದ ಗುರುತು ಬಿದ್ದಿತ್ತು, ಉತ್ತರವಿರಲಿಲ್ಲ. ‘ನಾನು ಯಾರಿಗೂ ಬೇಡವಾದವಳು ಮೇಡಂ’ ಎಂದರು. ಸಂದೇಶ ಹೋಗಿ ಆಗಿದ್ದದ್ದು ನಾಲ್ಕೇ ಗಂಟೆ.

ಹಸಿವು, ಬಾಯಾರಿಕೆಗಳಂತೆ ಒಂಟಿತನವೂ ದೇಹ ಕೊಡುವ ಸೂಚನೆ ಎಂದು ಮನಶ್ಶಾಸ್ತ್ರಜ್ಞ ಜಾನ್ ಕಾಸಿಯೊಪ್ಪೊ ವಿವರಿಸಿದ್ದರು. ಆದರೆ ಹಸಿದವರು ಅನ್ನದತ್ತ ಕೈ ಚಾಚುತ್ತಾರೆ. ಒಂಟಿತನ ಬಹುಕಾಲ ಉಳಿದರೆ ಮನಸ್ಸು ಜನರನ್ನೇ ಅಪಾಯವೆಂದು ಎಣಿಸಿ ಮೈಯೆಲ್ಲ ಕಣ್ಣಾಗಿ ಕಾಯತೊಡಗುತ್ತದೆ. ತಡವಾದ ಉತ್ತರ, ಲಿಫ್ಟಿನಲ್ಲಿ ನಗದೇ ನಿಂತ ನೆರೆಯವರ ಮುಖ, ಎಲ್ಲವೂ ತಿರಸ್ಕಾರವಾಗಿಯೇ ಕಾಣುತ್ತದೆ. ಮತ್ತೆ ನೋಯುವುದು ಬೇಡವೆಂದು ಒಂಟಿಯಾದವರೇ ಒಳಸರಿಯುತ್ತಾರೆ.

ಅದಕ್ಕೇ ‘ಹೊರಗೆ ಹೋಗು, ನಾಲ್ಕು ಜನರೊಂದಿಗೆ ಬೆರೆ’ ಎಂಬ ಬುದ್ಧಿಮಾತು ಕೇಳಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಒಂಟಿತನ ತಗ್ಗಿಸುವ ಹಲವು ಪ್ರಯತ್ನಗಳನ್ನು ಒಟ್ಟಿಗೆ ತೂಗಿ ನೋಡಿದ 2011ರ ವಿಶ್ಲೇಷಣೆಯೊಂದರಲ್ಲಿ, ಬರೀ ಭೇಟಿಯ ಅವಕಾಶ ಹೆಚ್ಚಿಸಿದ್ದಕ್ಕಿಂತ ಇಂಥ ತಪ್ಪು ಗ್ರಹಿಕೆಯನ್ನು ತಿದ್ದಿದ್ದೇ ಹೆಚ್ಚು ಫಲ ಕೊಟ್ಟಿತ್ತು. ನಾವೂ ಅದನ್ನೇ ಮಾಡಿದೆವು. ಆ ಮೌನಕ್ಕೆ ಇರಬಹುದಾದ ಬೇರೆ ಮೂರು ಕಾರಣಗಳನ್ನು ಕಾಗದದ ಮೇಲೆ ಬರೆಯಿರಿ ಎಂದೆ. ಮೊದಲನೆಯದನ್ನು ಬರೆಯಲು ಅವರಿಗೆ ಹತ್ತು ನಿಮಿಷ ಬೇಕಾಯಿತು.

ಇನ್ನೊಂದು ಕೊರತೆ ಸಮಯದ್ದು. ಪರಿಚಯ ಸಾಧಾರಣ ಗೆಳೆತನವಾಗಲು ಸುಮಾರು 50 ಗಂಟೆ, ಆಪ್ತ ಗೆಳೆತನವಾಗಲು 200ಕ್ಕೂ ಹೆಚ್ಚು ಗಂಟೆಗಳ ಒಡನಾಟ ಬೇಕೆಂದು ಸಂವಹನ ಸಂಶೋಧಕ ಜೆಫ್ರಿ ಹಾಲ್ ಅವರ ಅಧ್ಯಯನ ಅಂದಾಜಿಸಿದೆ. ಶಾಲೆಯಲ್ಲಿ ಈ ಗಂಟೆಗಳು ಕೇಳದೆಯೇ ಸಿಗುತ್ತಿದ್ದವು. ನಗರದಲ್ಲಿ ಪ್ರತಿ ಭೇಟಿಗೂ ದಿನ ಗೊತ್ತುಪಡಿಸಬೇಕು, ದೂರ ಲೆಕ್ಕ ಹಾಕಬೇಕು. ಎರಡು ಸಲ ಮುಂದೂಡಿದರೆ ಸಂಬಂಧ ಅಲ್ಲೇ ಸೊರಗುತ್ತದೆ. ಹಾಗಾಗಿ ಗೆಳೆಯರನ್ನು ಹುಡುಕಿ ಎಂದು ನಾನು ಹೇಳುವುದಿಲ್ಲ. ವಾರವಾರವೂ ಅದೇ ಹೊತ್ತಿಗೆ, ಅದೇ ಜನರಿರುವ ಒಂದು ಜಾಗವನ್ನು ಆರಿಸಿಕೊಳ್ಳಿ ಎನ್ನುತ್ತೇನೆ. (ಬದುಕೇ ಬೇಡವೆನಿಸುತ್ತಿದ್ದರೆ ಮಾತ್ರ ಇದಕ್ಕೆಲ್ಲ ಕಾಯದೆ ಮನೋವೈದ್ಯರನ್ನು ಕಾಣಬೇಕು.)

ಆ ಯುವತಿ ಬ್ಯಾಡ್ಮಿಂಟನ್ ಆಡಲು ಹೋಗತೊಡಗಿದರು. ಒಂದು ತಿಂಗಳು ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ. ಆಮೇಲೊಮ್ಮೆ ಜ್ವರವೆಂದು ಒಂದು ವಾರ ತಪ್ಪಿಸಿದರಂತೆ. ಮರುವಾರ ಬಾಗಿಲಲ್ಲೇ ಒಬ್ಬರು ಕೇಳಿದರಂತೆ: ‘ಹೋದ ವಾರ ಯಾಕೆ ಬರಲಿಲ್ಲ?’